ಹುಳುವಿನ ವಂಶಾವಳಿ: ಎರಡು ಪ್ರಬಂಧಗಳ ವಿಮರ್ಶೆ

ವಂಶಾವಳಿಗಳನ್ನು ಓದಿ ಅವುಗಳ ಪ್ರಾಮಾಣ್ಯವನ್ನು ಅಳೆಯುವುದು ಚರಿತ್ರೆಯ ವಿದ್ಯಾರ್ಥಿಗೆ ಹೊಸ ಕೆಲಸವಲ್ಲ. ಶಾಸನದ ಆರಂಭದಲ್ಲಿ ಬರುವ ರಾಜಪರಂಪರೆಯನ್ನು ನಾವು ಕಣ್ಣು ಮುಚ್ಚಿ ಒಪ್ಪುವುದಿಲ್ಲ; ಅದನ್ನು ಬರೆಸಿದವರು ಯಾರು, ಯಾವ ಪ್ರಯೋಜನಕ್ಕಾಗಿ ಬರೆಸಿದರು, ಯಾರ ಹೆಸರನ್ನು ಕೈಬಿಟ್ಟರು ಎಂದು ಮೊದಲು ಕೇಳುತ್ತೇವೆ. ಕಲ್ಯಾಣದ ಚಾಲುಕ್ಯರ ಕೌಥೇಮ್ ತಾಮ್ರಪಟವು ಆ ವಂಶದ 59 ಅರಸರು ಅಯೋಧ್ಯೆಯಲ್ಲಿ ಆಳಿದರೆಂದು ಹೇಳಿದಾಗ, ಆ ಸಂಖ್ಯೆಯ ಖಚಿತತೆಯೇ ನಮ್ಮ ಸಂಶಯಕ್ಕೆ ಕಾರಣವಾಗುತ್ತದೆ. ಇಂಥ ಅಭ್ಯಾಸವುಳ್ಳವನು ಜೀವವಿಜ್ಞಾನದ ಕಡೆಗೆ ಕಣ್ಣು ಹಾಯಿಸಿದರೆ, 1983ರಲ್ಲಿ ಪ್ರಕಟವಾದ ಒಂದು ವಂಶಾವಳಿ ಅವನನ್ನು ತಡೆದು ನಿಲ್ಲಿಸುತ್ತದೆ. ಅದು ಸುಮಾರು ಒಂದು ಮಿಲಿಮೀಟರ್ ಉದ್ದದ ಒಂದು ದುಂಡುಹುಳುವಿನ ದೇಹದ ವಂಶಾವಳಿ. ಫಲಿತವಾದ ಒಂದು ಅಂಡದಿಂದ ಹೊರಟು, ಮರಿಹುಳು ತತ್ತಿಯನ್ನು ಒಡೆದು ಹೊರಬರುವ ತನಕ ಹುಟ್ಟಿದ ಪ್ರತಿಯೊಂದು ಜೀವಕೋಶವೂ ಯಾವ ಕೋಶದಿಂದ, ಯಾವ ಹೊತ್ತಿನಲ್ಲಿ, ಯಾವ ದಿಕ್ಕಿಗೆ ಹುಟ್ಟಿತೆಂಬುದನ್ನು ಅದು ಹೇಳುತ್ತದೆ. ಒಂದು ಕೋಶವನ್ನೂ ಅದು ಬಿಟ್ಟಿಲ್ಲ.

ಸಲ್‌ಸ್ಟನ್, ಶೀರೆನ್‌ಬರ್ಗ್, ವೈಟ್ ಮತ್ತು ಥಾಮ್ಸನ್ ಎಂಬ ನಾಲ್ವರು ಬರೆದ 56 ಪುಟಗಳ ಆ ಪ್ರಬಂಧವೂ, ವೈಟ್, ಸೌತ್‌ಗೇಟ್, ಥಾಮ್ಸನ್ ಮತ್ತು ಬ್ರೆನ್ನರ್ ಅವರು ಅದೇ ಹುಳುವಿನ ನರಮಂಡಲವನ್ನು ಕುರಿತು 1986ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಪ್ರಕಟಿಸಿದ 340 ಪುಟಗಳ ಪ್ರಬಂಧವೂ ಪ್ರಸ್ತುತ ವಿಮರ್ಶೆಯ ವಸ್ತು. ಇವೆರಡೂ ಜೀವವಿಜ್ಞಾನಿಗಳಿಗಾಗಿ ಬರೆದವು. ಅವುಗಳ ವೈಜ್ಞಾನಿಕ ಮೌಲ್ಯವನ್ನು ನಿರ್ಣಯಿಸುವ ಅಧಿಕಾರ ಚರಿತ್ರೆಯ ಅಧ್ಯಾಪಕನಿಗಿಲ್ಲ. ಆದರೆ ಇವು ದಾಖಲೆಗಳು. ಅನೇಕ ಪ್ರತಿಗಳನ್ನು ಕೂಡಿಸಿ ಸಿದ್ಧಪಡಿಸಿದ ದಾಖಲೆಗಳು. ದಾಖಲೆ ಹೇಗೆ ಸಿದ್ಧವಾಯಿತು, ಅದು ಏನನ್ನು ಸಾಧಿಸುತ್ತದೆ, ಅದರ ಆಧಾರದ ಮೇಲೆ ಹೊರಡುವ ತೀರ್ಮಾನವು ಅದರ ಶಕ್ತಿಯನ್ನು ಮೀರಿದೆಯೇ ಎಂಬ ಪ್ರಶ್ನೆಗಳು ನಮ್ಮ ಶಾಸ್ತ್ರಕ್ಕೆ ಸೇರಿದವು. ವಂಶಾವಳಿ ತಾನಾಗಿಯೇ ಕಾರಣವಲ್ಲ ಎಂಬ, ನಮ್ಮಲ್ಲಿ ಬಹುಕಾಲದಿಂದ ಪರಿಚಿತವಾದ ಮಾತನ್ನು ಈ ಹುಳು ಹೊಸ ರೀತಿಯಲ್ಲಿ ಮುಂದಿಡುತ್ತದೆಂಬುದೇ ಈ ಲೇಖನದ ಅಭಿಪ್ರಾಯ.

ಹುಳುವಿನ ಹೆಸರು ಸೀನೋರ್‌ಹ್ಯಾಬ್ಡೈಟಿಸ್ ಎಲೆಗನ್ಸ್. ಅದನ್ನು ಮೊದಲು ವರ್ಣಿಸಿದವನು ಎಮಿಲ್ ಮೋಪಾ. ಆಲ್ಜಿಯರ್ಸಿನ ಮಣ್ಣಿನಲ್ಲಿ ದೊರೆತ ಹುಳುಗಳನ್ನು ಕುರಿತು ಅವನು 1900ರಲ್ಲಿ ಬರೆದನು. ಪ್ರಯೋಗಶಾಲೆಗಳಲ್ಲಿ ಇಂದು ಪ್ರಮಾಣವೆಂದು ಬಳಕೆಯಲ್ಲಿರುವ ಸಂತತಿ ಇಂಗ್ಲೆಂಡಿನ ಬ್ರಿಸ್ಟಲ್ ನಗರದ ಬಳಿ ಅಣಬೆ ಬೆಳೆಯುವ ಗೊಬ್ಬರದಲ್ಲಿ 1951ರಲ್ಲಿ ದೊರೆತದ್ದು. ಇದಕ್ಕೆ ಎನ್2 ಎಂದು ಹೆಸರು. ಸಿಡ್ನಿ ಬ್ರೆನ್ನರ್ 1963ರಲ್ಲಿ ಕೇಂಬ್ರಿಜ್‌ನ ಅಣುಜೀವವಿಜ್ಞಾನ ಪ್ರಯೋಗಶಾಲೆಯಲ್ಲಿ ಮ್ಯಾಕ್ಸ್ ಪೆರೂಟ್ಸ್ ಅವರಿಗೆ ಪತ್ರ ಬರೆದು, ಅಭಿವೃದ್ಧಿ ಮತ್ತು ನರಮಂಡಲಗಳ ಅಧ್ಯಯನಕ್ಕೆ ಒಂದು ಸರಳ ಪ್ರಾಣಿ ಬೇಕೆಂದು ಕೇಳಿದರು. ಅದೇ ವರ್ಷ ಅವರು ಸಲ್ಲಿಸಿದ ಯೋಜನೆಯಲ್ಲಿ ಕಾಣುವುದು ಎಲೆಗನ್ಸ್ ಅಲ್ಲ, ಅದರ ದಾಯಾದಿಯಾದ ಬ್ರಿಗ್ಸೇ ಎಂಬುದು ಗಮನಾರ್ಹ. ಪಠ್ಯಪುಸ್ತಕಗಳಲ್ಲಿ ಈ ಹುಳುವಿನ ಆಯ್ಕೆ ದೈವನಿಯತವೆಂಬಂತೆ ವರ್ಣಿತವಾಗಿರುವುದನ್ನು ನೋಡಿದವರು ಈ ಸಣ್ಣ ಸಂಗತಿಯನ್ನು ನೆನಪಿನಲ್ಲಿಡುವುದು ಒಳ್ಳೆಯದು.

ಆಯ್ಕೆಗೆ ಇದ್ದ ಕಾರಣಗಳು ಬಹಳ ವ್ಯಾವಹಾರಿಕವಾದವು. ಹುಳು ಪಾರದರ್ಶಕ, ಒಳಗಿನ ಕೋಶಗಳನ್ನು ಜೀವಂತವಾಗಿರುವಾಗಲೇ ನೋಡಬಹುದು. ತಟ್ಟೆಯ ಮೇಲೆ ಬೆಳೆದ ಬ್ಯಾಕ್ಟೀರಿಯಾ ಅದರ ಆಹಾರ. ಸುಮಾರು ಮೂರೂವರೆ ದಿನಗಳಲ್ಲಿ ಅಂಡವು ಪ್ರೌಢವಾಗಿ ಮತ್ತೆ ಅಂಡಗಳನ್ನಿಡುತ್ತದೆ. ಬಹುಪಾಲು ಹುಳುಗಳು ಉಭಯಲಿಂಗಿಗಳಾಗಿ ತಮ್ಮಿಂದ ತಾವೇ ಸಂತಾನವನ್ನು ಪಡೆಯುವುದರಿಂದ ಶುದ್ಧ ಸಂತತಿಗಳನ್ನು ಉಳಿಸಿಕೊಳ್ಳುವುದು ಸುಲಭ. ಎಲ್ಲಕ್ಕಿಂತ ಮಿಗಿಲಾಗಿ, ಅದರ ದೇಹವು ಎಲೆಕ್ಟ್ರಾನ್ ಸೂಕ್ಷ್ಮದರ್ಶಕಕ್ಕೆ ಒಪ್ಪುವಷ್ಟು ತೆಳ್ಳಗಿತ್ತು. ಚರಿತ್ರಕಾರನ ಭಾಷೆಯಲ್ಲಿ ಹೇಳುವುದಾದರೆ, ಯಾವ ರಾಜ್ಯದ ಕಡತಗಳು ಪೂರ್ತಿಯಾಗಿ ಉಳಿಯುವುವೋ ಆ ರಾಜ್ಯವನ್ನೇ ಅಧ್ಯಯನಕ್ಕೆ ಆರಿಸಿಕೊಂಡಂತಾಯಿತು. ಇದರಲ್ಲಿ ತಪ್ಪೇನೂ ಇಲ್ಲ. ಆದರೆ ಕಡತ ಪೂರ್ಣವಾಗಿರುವ ರಾಜ್ಯವು ಎಲ್ಲ ರಾಜ್ಯಗಳ ಪ್ರತಿನಿಧಿಯೆಂದು ಯಾರೂ ಸಾಧಿಸಿಲ್ಲವೆಂಬುದನ್ನು ಮರೆಯಲಾಗದು.

ಕೋಶಗಳ ವಂಶವನ್ನು ಬರೆದಿಡುವ ಪ್ರಯತ್ನಕ್ಕೆ ಇದಕ್ಕಿಂತ ಹಿಂದಿನ ಪರಂಪರೆಯೊಂದುಂಟು. ಚಾರ್ಲ್ಸ್ ವಿಟ್‌ಮನ್ 1878ರಲ್ಲಿ ಜಿಗಣೆಯ ಭ್ರೂಣವನ್ನೂ, ಎಡ್ಮಂಡ್ ವಿಲ್ಸನ್ 1892ರಲ್ಲಿ ನೀರಿಯಿಸ್ ಎಂಬ ಸಮುದ್ರದ ಹುಳುವಿನ ಭ್ರೂಣವನ್ನೂ, ಎಡ್ವಿನ್ ಕಾಂಕ್ಲಿನ್ 1905ರಲ್ಲಿ ಸಮುದ್ರವಾಸಿಯಾದ ಆಸಿಡಿಯನ್ ಪ್ರಾಣಿಯ ಭ್ರೂಣವನ್ನೂ ಹೀಗೆ ಅನುಸರಿಸಿ ನೋಡಿದ್ದರು. ದುಂಡುಹುಳುಗಳಲ್ಲಿಯೇ, ಕುದುರೆಯ ಕರುಳಿನಲ್ಲಿ ವಾಸಿಸುವ ಒಂದು ಜಾತಿಯ ಮೇಲೆ ಥಿಯೋಡೊರ್ ಬೊವೇರಿ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಕೆಲಸ ಮಾಡಿದನು; ರಿಚರ್ಡ್ ಗೋಲ್ಡ್‌ಶ್ಮಿಟ್ 1908ರಲ್ಲಿ ಆಸ್ಕರಿಸ್ ಹುಳುವಿನ ತಲೆಯ ಭಾಗದಲ್ಲಿ 162 ನರಕೋಶಗಳನ್ನು ಎಣಿಸಿ ಅವುಗಳ ನಕ್ಷೆಯನ್ನು ಕೊಟ್ಟನು. ಅದೇ ಕಾಲದಲ್ಲಿ ಜರ್ಮನಿಯಲ್ಲಿ ಒಂದು ದೊಡ್ಡ ವಾದ ನಡೆಯುತ್ತಿತ್ತು. ವಿಲ್ಹೆಲ್ಮ್ ರೂ 1888ರಲ್ಲಿ ಕಪ್ಪೆಯ ಎರಡು ಕೋಶಗಳ ಭ್ರೂಣದಲ್ಲಿ ಒಂದನ್ನು ಕಾದ ಸೂಜಿಯಿಂದ ಚುಚ್ಚಿ ಕೊಂದಾಗ ಉಳಿದದ್ದು ಅರ್ಧ ಭ್ರೂಣವಾಗಿ ಬೆಳೆಯಿತು. ಹಾನ್ಸ್ ಡ್ರೀಶ್ ಕೆಲವೇ ವರ್ಷಗಳ ಮೇಲೆ ಸಮುದ್ರದ ಮುಳ್ಳುಪ್ರಾಣಿಯ ಎರಡು ಕೋಶಗಳನ್ನು ಬೇರ್ಪಡಿಸಿದಾಗ ಪ್ರತಿಯೊಂದೂ, ಗಾತ್ರದಲ್ಲಿ ಚಿಕ್ಕದಾದರೂ, ಪೂರ್ಣ ಲಾರ್ವಾ ಆಯಿತು. ಕೋಶದ ಗತಿಯನ್ನು ನಿರ್ಣಯಿಸುವುದು ಅದರ ಹುಟ್ಟೋ ಅಥವಾ ಅದರ ನೆರೆಯೋ ಎಂಬ ಪ್ರಶ್ನೆ ಅಂದು ಎದ್ದದ್ದು ಇಂದಿಗೂ ಮಲಗಿಲ್ಲ. ಬ್ರೆನ್ನರ್ ಇದನ್ನು ಹಾಸ್ಯವಾಗಿ ಐರೋಪ್ಯ ಪದ್ಧತಿ ಮತ್ತು ಅಮೆರಿಕದ ಪದ್ಧತಿ ಎಂದು ವಿಂಗಡಿಸುತ್ತಿದ್ದರು: ಮೊದಲನೆಯದರಲ್ಲಿ ತಂದೆತಾಯಿಗಳು ಯಾರೆಂಬುದು ಮುಖ್ಯ, ಎರಡನೆಯದರಲ್ಲಿ ನೆರೆಹೊರೆಯವರು ಯಾರೆಂಬುದು ಮುಖ್ಯ. ಯೂರೋಪಿನ ಚರಿತ್ರೆಯನ್ನಾಗಲಿ ಅಮೆರಿಕದ ಚರಿತ್ರೆಯನ್ನಾಗಲಿ ಓದಿದವರಿಗೆ ಈ ವಿಂಗಡಣೆ ಅಷ್ಟಾಗಿ ಒಪ್ಪಿಗೆಯಾಗಲಾರದು. ಆದರೂ ನೆನಪಿನಲ್ಲಿಡಲು ಅನುಕೂಲವಾದದ್ದು.

1983ರ ಪ್ರಬಂಧದ ಕಡೆಗೆ ತಿರುಗೋಣ. ತತ್ತಿಯಿಂದ ಹೊರಬಂದ ಮೇಲಿನ ವಂಶವನ್ನು ಸಲ್‌ಸ್ಟನ್ ಮತ್ತು ರಾಬರ್ಟ್ ಹಾರ್ವಿಟ್ಸ್ 1977ರಲ್ಲಿಯೂ, ಜನನಾಂಗದ ವಂಶವನ್ನು ಜೂಡಿತ್ ಕಿಂಬಲ್ ಮತ್ತು ಡೇವಿಡ್ ಹರ್ಷ್ 1979ರಲ್ಲಿಯೂ ಪ್ರಕಟಿಸಿದ್ದರು. ಉಳಿದಿದ್ದುದು ತತ್ತಿಯೊಳಗಿನ ಸುಮಾರು 14 ಗಂಟೆಗಳ ಕಥೆ. ಸಲ್‌ಸ್ಟನ್ ಬಳಸಿದ ಉಪಕರಣ ನೋಮಾರ್ಸ್ಕಿಯ ಪದ್ಧತಿಯ ಸೂಕ್ಷ್ಮದರ್ಶಕ. ಅದು ಬಣ್ಣ ಹಾಕದ ಜೀವಂತ ಕೋಶಗಳನ್ನು ಉಬ್ಬುಚಿತ್ರದಂತೆ ತೋರಿಸುತ್ತದೆ. ದಿನಕ್ಕೆ ಎರಡು ಸಲ, ಪ್ರತಿಸಲ ನಾಲ್ಕು ಗಂಟೆಗಳಂತೆ, ಸುಮಾರು ಒಂದೂವರೆ ವರ್ಷ ಅವರು ಅದರ ಮುಂದೆ ಕುಳಿತು, ಕಂಡದ್ದನ್ನು ಕೈಯಿಂದಲೇ ಬರೆದುಕೊಂಡರು. ಯಂತ್ರಗಳು ಎಲ್ಲವನ್ನೂ ಬರೆದುಕೊಳ್ಳುವ ಈ ಕಾಲದಲ್ಲಿ ಇದನ್ನು ಓದುವವರಿಗೆ ಓಲೆಗರಿಯ ಪ್ರತಿಕಾರರ ನೆನಪಾದರೆ ಆಶ್ಚರ್ಯವಿಲ್ಲ.

ಫಲಿತಾಂಶವನ್ನು ಸಂಕ್ಷೇಪವಾಗಿ ಹೇಳಬಹುದು. ಮೊದಲ ಕೋಶವು ಒಡೆದು ಮುಂದಿನ ಎಬಿ ಮತ್ತು ಹಿಂದಿನ ಪಿ1 ಆಗುತ್ತದೆ. ಕ್ರಮವಾಗಿ ಮುಂದಿನ ವಿಭಜನೆಗಳಲ್ಲಿ ಎಂಎಸ್, ಇ, ಸಿ, ಡಿ, ಪಿ4 ಎಂಬ ಮೂಲಪುರುಷರು ಬೇರೆಯಾಗುತ್ತಾರೆ. ಇ ಎಂಬುದರ ಸಂತಾನವೆಲ್ಲ ಕರುಳು, ಒಟ್ಟು 20 ಕೋಶಗಳು. ಪಿ4ರ ಸಂತಾನವೆಲ್ಲ ಬೀಜಕೋಶಗಳು. ಭ್ರೂಣಾವಸ್ಥೆಯಲ್ಲಿ ಹುಟ್ಟುವ ಕೋಶಗಳು 671. ಉಭಯಲಿಂಗಿಯಲ್ಲಿ ಇವುಗಳಲ್ಲಿ 113 ಸಾಯುತ್ತವೆ, 558 ಉಳಿಯುತ್ತವೆ. ಪ್ರೌಢಾವಸ್ಥೆಗೆ ಬರುವ ಹೊತ್ತಿಗೆ ಬೀಜಕೋಶಗಳನ್ನು ಬಿಟ್ಟು ದೇಹದ ಕೋಶಕೇಂದ್ರಗಳು 959. ಅಲ್ಲಿಯ ತನಕ ಸತ್ತವು ಒಟ್ಟು 131. ಹೆಸರಿಡುವ ಕ್ರಮವೂ ಸೊಗಸಾದದ್ದು. ಪ್ರತಿಯೊಂದು ವಿಭಜನೆಯಲ್ಲಿಯೂ ಮುಂದು, ಹಿಂದು, ಎಡ, ಬಲ ಎಂಬುದಕ್ಕೆ ಇಂಗ್ಲಿಷಿನ ಮೊದಲಕ್ಷರವೊಂದನ್ನು ತಾಯಿಯ ಹೆಸರಿಗೆ ಸೇರಿಸುತ್ತಾರೆ. ಹೀಗಾಗಿ ಕೋಶದ ಹೆಸರನ್ನು ಓದಿದರೆ ಅದರ ಪೂರ್ವಜರೆಲ್ಲರ ಹೆಸರನ್ನೂ ಓದಿದಂತೆ. ಇದಲ್ಲದೆ ನರಕೋಶಗಳಿಗೆ ಅವು ಮಾಡುವ ಕೆಲಸಕ್ಕೆ ಮತ್ತು ಇರುವ ಜಾಗಕ್ಕೆ ತಕ್ಕ ಇನ್ನೊಂದು ಹೆಸರೂ ಉಂಟು. ಒಂದು ಜನ್ಮನಾಮ, ಇನ್ನೊಂದು ಬಿರುದು. ಇವೆರಡೂ ಒಂದರಿಂದ ಒಂದನ್ನು ಊಹಿಸಲು ಬಾರದವು ಎಂಬುದನ್ನು ಮುಂದೆ ಕಾಣುವೆವು.

ಸತ್ತವರ ಲೆಕ್ಕವನ್ನು ಇಟ್ಟದ್ದು ಈ ಪ್ರಬಂಧದ ಅತಿ ದೊಡ್ಡ ಗುಣವೆಂದು ತೋರುತ್ತದೆ. ರಾಜವಂಶಾವಳಿಗಳಲ್ಲಿ ಇದು ಅಪೂರ್ವ. ಸಂತಾನವಿಲ್ಲದೆ ಮಡಿದವರು, ಪಟ್ಟ ತಪ್ಪಿದವರು ಅಲ್ಲಿ ಸದ್ದಿಲ್ಲದೆ ಮಾಯವಾಗುತ್ತಾರೆ. ರಾಷ್ಟ್ರಕೂಟರ ಕೆಲವು ಶಾಸನಗಳಲ್ಲಿ ಇಮ್ಮಡಿ ಗೋವಿಂದನ ಹೆಸರು ಕಾಣದಿರುವುದು ನಮಗೆ ತಿಳಿದದ್ದೇ. ಹುಳುವಿನ ವಂಶಾವಳಿಯಲ್ಲಾದರೋ ಹುಟ್ಟಿ ಒಂದು ಗಂಟೆಯೊಳಗಾಗಿ ಕುಗ್ಗಿ ನೆರೆಯ ಕೋಶಕ್ಕೆ ಆಹಾರವಾದ ಕೋಶಕ್ಕೂ ಅದರ ಸ್ಥಾನವಿದೆ. ಅದರ ರೇಖೆಯ ತುದಿಗೆ ಒಂದು ಗುಣಾಕಾರದ ಚಿಹ್ನೆಯನ್ನು ಹಾಕಿದ್ದಾರೆ. ಈ ಚಿಹ್ನೆಗಳು ವ್ಯರ್ಥವಾಗಲಿಲ್ಲ. ಪ್ರತಿಯೊಂದು ಹುಳುವಿನಲ್ಲಿಯೂ ಅವೇ ಕೋಶಗಳು, ಅದೇ ಹೊತ್ತಿನಲ್ಲಿ ಸಾಯುವುದಾದರೆ ಆ ಸಾವು ಆಕಸ್ಮಿಕವಲ್ಲ, ದೇಹದ ಕಾರ್ಯಕ್ರಮದ ಒಂದು ಭಾಗ ಎಂಬುದು ಸ್ಪಷ್ಟವಾಯಿತು. ಹಿಲರಿ ಎಲ್ಲಿಸ್ ಮತ್ತು ಹಾರ್ವಿಟ್ಸ್ 1986ರಲ್ಲಿ ಈ ಸಾವಿಗೆ ಅವಶ್ಯವಾದ ಸೆಡ್-3, ಸೆಡ್-4 ಎಂಬ ಜೀನ್‌ಗಳನ್ನು ವರ್ಣಿಸಿದರು. ಆ ಜೀನ್ ಕೆಟ್ಟ ಹುಳುಗಳಲ್ಲಿ ಸಾಯಬೇಕಾದ ಕೋಶಗಳು ಬದುಕುತ್ತವೆ, ಹುಳುವೂ ಬದುಕುತ್ತದೆ. ಸೆಡ್-3ಕ್ಕೆ ಹೋಲುವ ಜೀನ್ ಮನುಷ್ಯರಲ್ಲಿಯೂ ಇದೆಯೆಂದು 1993ರಲ್ಲಿ ತಿಳಿದುಬಂದಿತು. 2002ರ ನೊಬೆಲ್ ಪಾರಿತೋಷಕವು ಬ್ರೆನ್ನರ್, ಹಾರ್ವಿಟ್ಸ್, ಸಲ್‌ಸ್ಟನ್ ಮೂವರಿಗೆ ದೊರೆತದ್ದಕ್ಕೆ ಈ ಪಟ್ಟಿಯೂ ಒಂದು ಮುಖ್ಯ ಕಾರಣ. ಯಾವ ಸಿದ್ಧಾಂತವನ್ನೂ ಸಾಧಿಸಲು ಹೊರಡದೆ ಇದ್ದುದನ್ನು ಇದ್ದಂತೆ ಬರೆದಿಟ್ಟದ್ದರ ಫಲವಿದು. ಬರಿಯ ವರ್ಣನೆಯನ್ನು ಕೀಳೆಂದು ಕಾಣುವ ಸಂಶೋಧಕರು ನಮ್ಮ ವಿಭಾಗಗಳಲ್ಲಿಯೂ ಇಲ್ಲದಿಲ್ಲ.

ಇನ್ನು ದಾಖಲೆಯ ರಚನೆಯನ್ನು ಕುರಿತು. ವಂಶವೃಕ್ಷದ ಚಿತ್ರವನ್ನು ನೋಡಿದವರು ಒಂದು ಭ್ರೂಣವನ್ನು ಮೊದಲಿನಿಂದ ಕೊನೆಯ ತನಕ ನೋಡಿ ಬರೆದಿದ್ದಾರೆಂದು ಭಾವಿಸುವುದು ಸಹಜ. ವಸ್ತುಸ್ಥಿತಿ ಹಾಗಿಲ್ಲ. ನೂರಾರು ಕೋಶಗಳನ್ನು ಒಬ್ಬ ಮನುಷ್ಯನ ಕಣ್ಣು ಏಕಕಾಲದಲ್ಲಿ ಹಿಂಬಾಲಿಸಲಾರದು. ಒಂದು ಕೂಟದಲ್ಲಿ ಕೆಲವೇ ಕೋಶಗಳನ್ನು, ಮುಂದಿನ ಕೂಟದಲ್ಲಿ ಬೇರೊಂದು ಭ್ರೂಣದಲ್ಲಿ ಮತ್ತೆ ಕೆಲವನ್ನು ಅನುಸರಿಸಿ, ಈ ತುಂಡುಗಳನ್ನು ಹೊಂದಿಸಿ ವೃಕ್ಷವನ್ನು ಕಟ್ಟಿದರು. ಅಂದರೆ ಅದು ಅನೇಕ ಪ್ರತಿಗಳಿಂದ ಸಂಪಾದಿಸಿದ ಪಾಠ. ಗ್ರಂಥಸಂಪಾದಕನು ಒಂದು ಪ್ರತಿಯಲ್ಲಿ ಗರಿ ಹರಿದ ಕಡೆ ಇನ್ನೊಂದು ಪ್ರತಿಯಿಂದ ತುಂಬುವುದು ಎರಡೂ ಒಂದೇ ಗ್ರಂಥದ ಪ್ರತಿಗಳೆಂಬ ನಂಬಿಕೆಯಿಂದ. ಇಲ್ಲಿಯೂ ಹಾಗೆಯೇ: ಎಲ್ಲ ಭ್ರೂಣಗಳಲ್ಲಿಯೂ ವಂಶವು ಒಂದೇ ಎಂದು ಭಾವಿಸಿದರೆ ಮಾತ್ರ ಈ ಜೋಡಣೆ ಸಾಧ್ಯ, ಎಲ್ಲ ಭ್ರೂಣಗಳಲ್ಲಿಯೂ ವಂಶವು ಒಂದೇ ಎಂಬುದೇ ಪ್ರಬಂಧದ ಪ್ರಧಾನ ತೀರ್ಮಾನವೂ ಆಗಿದೆ. ತರ್ಕದ ದೃಷ್ಟಿಯಿಂದ ಇದು ಆಕ್ಷೇಪಕ್ಕೆ ಅವಕಾಶ ಕೊಡುವ ಸ್ಥಳ. ಒಂದೇ ಭಾಗವನ್ನು ಮತ್ತೆ ಮತ್ತೆ ನೋಡಿದುದರಿಂದಲೂ, ತುಂಡುಗಳ ಅಂಚುಗಳು ಒಂದರ ಮೇಲೊಂದು ಸರಿಯಾಗಿ ಕುಳಿತುದರಿಂದಲೂ ಆಕ್ಷೇಪ ಬಹುಮಟ್ಟಿಗೆ ಸಡಿಲವಾಗುತ್ತದೆ. ಪೂರ್ಣ ಪರಿಹಾರ ಬಂದದ್ದು 2006ರಲ್ಲಿ. ಜಿರಾಂಗ್ ಬಾವೊ ಮತ್ತು ಸಂಗಡಿಗರು ಕೋಶಕೇಂದ್ರಗಳು ತಾವಾಗಿ ಹೊಳೆಯುವಂತೆ ಮಾಡಿ, ಗಣಕಯಂತ್ರದ ಸಹಾಯದಿಂದ ಒಂದೊಂದು ಭ್ರೂಣವನ್ನು ಬಿಡಿಯಾಗಿ 350 ಕೋಶಗಳ ಹಂತದ ತನಕ ಅನುಸರಿಸಿದರು. ಸಲ್‌ಸ್ಟನ್ನರ ವೃಕ್ಷ ನಿಂತಿತು. ಕೈಬರಹದ ಸಂಪಾದನೆಗೆ ಇದಕ್ಕಿಂತ ಹೆಚ್ಚಿನ ಪ್ರಶಂಸೆ ಬೇಕಿಲ್ಲ.

ಪಾಠಾಂತರಗಳು ಇಲ್ಲವೇ ಇಲ್ಲವೆಂದಲ್ಲ. ಹೆಣ್ಣು ಜನನಾಂಗ ಬೆಳೆಯುವಾಗ ಲಂಗರು ಕೋಶವೆಂದು ಹೇಳಬಹುದಾದ ಒಂದು ಕೋಶ ಅವಶ್ಯ. ಅದಾಗಲು ಅರ್ಹವಾದ ಕೋಶಗಳು ಎರಡು. ಕೆಲವು ಹುಳುಗಳಲ್ಲಿ ಒಂದು, ಮತ್ತೆ ಕೆಲವುಗಳಲ್ಲಿ ಇನ್ನೊಂದು ಆ ಪದವಿಗೆ ಬರುತ್ತದೆ; ಬಾರದ್ದು ಬೇರೊಂದು ಕೆಲಸವನ್ನು ಹಿಡಿಯುತ್ತದೆ. ಲೇಸರ್ ಕಿರಣದಿಂದ ಒಂದನ್ನು ಕೊಂದರೆ ಉಳಿದದ್ದು ತಪ್ಪದೆ ಲಂಗರು ಕೋಶವೇ ಆಗುತ್ತದೆ. ಹುಟ್ಟಿನಿಂದ ಸಮಾನರಾದ ಇಬ್ಬರಲ್ಲಿ ಪರಸ್ಪರ ವ್ಯವಹಾರವೇ ನಿರ್ಣಾಯಕವಾಯಿತೆಂಬುದು ಇದರಿಂದ ಸಿದ್ಧ.

ಈಗ ಪ್ರಬಂಧದ ತೀರ್ಮಾನಕ್ಕೆ ಬರಬಹುದು; ನಮ್ಮ ಭಿನ್ನಾಭಿಪ್ರಾಯ ಇರುವುದೂ ಅಲ್ಲಿಯೇ. ವಂಶಕ್ಕೂ ಗತಿಗೂ ಇರುವ ಸಂಬಂಧ ಸ್ಥಿರವಾದರೂ ಅದರಲ್ಲಿ ಎದ್ದುಕಾಣುವ ಕ್ರಮವೇನೂ ಇಲ್ಲವೆಂದು ಲೇಖಕರೇ ಪ್ರಾಮಾಣಿಕವಾಗಿ ತಿಳಿಸುತ್ತಾರೆ. ಉದಾಹರಣೆಗೆ, ಮರಿಹುಳುವಿನ ಮೈಗೋಡೆಯ 81 ಸ್ನಾಯುಕೋಶಗಳಲ್ಲಿ ಸಿ ವಂಶದವು 32, ಎಂಎಸ್ ವಂಶದವು 28, ಡಿ ವಂಶದವು 20, ಉಳಿದ ಒಂದೇ ಒಂದು ಎಬಿ ವಂಶದ್ದು. ಚರ್ಮವನ್ನೂ ನರಗಳನ್ನೂ ಮುಖ್ಯವಾಗಿ ಹುಟ್ಟಿಸುವ ಮನೆತನದಿಂದ ಒಬ್ಬನು ಮಾತ್ರ ಸ್ನಾಯುವಿನ ಕಸುಬಿಗೆ ಬಂದಿದ್ದಾನೆ. ಅವನ ಕೆಲಸ ಉಳಿದ ಎಂಬತ್ತರ ಕೆಲಸಕ್ಕಿಂತ ಭಿನ್ನವಲ್ಲ. ಕೆಲವು ನರಕೋಶಗಳು ಸ್ನಾಯುಕೋಶಗಳ ಒಡಹುಟ್ಟುಗಳು. ಇಷ್ಟನ್ನು ಹೇಳಿದ ಮೇಲೂ, ಕೋಶದ ಗತಿಯನ್ನು ನಿರ್ಣಯಿಸುವುದರಲ್ಲಿ ವಂಶವೇ ಮುಖ್ಯ ಪಾತ್ರ ವಹಿಸುತ್ತದೆಂಬ ಕಡೆಗೆ ಲೇಖಕರು ವಾಲುತ್ತಾರೆ. ಕೆಲವು ಕೋಶಗಳನ್ನು ಲೇಸರಿನಿಂದ ಕೊಂದಾಗ ಉಳಿದವು ತಮ್ಮ ಪಾಡಿಗೆ ತಾವು ಬೆಳೆದುವೆಂಬುದು ಅವರಿಗಿದ್ದ ಆಧಾರ. ಆಧಾರ ಸುಳ್ಳಲ್ಲ. ಆದರೆ ಪ್ರತಿ ಭ್ರೂಣದಲ್ಲಿಯೂ ವಂಶವೊಂದೇ ಆಗಿರುವಾಗ ನೆರೆಯೂ ಒಂದೇ ಆಗಿರುತ್ತದೆ. ಯಾವಾಗಲೂ ಜೊತೆಯಾಗಿಯೇ ಬರುವ ಎರಡು ಸಂಗತಿಗಳಲ್ಲಿ ಕಾರಣ ಯಾವುದೆಂಬುದನ್ನು ಬರಿಯ ದಾಖಲೆ ಹೇಳಲಾರದು.

ಈ ಎರಡನ್ನೂ ಬೇರ್ಪಡಿಸಿ ನೋಡಿದ ಪ್ರಯೋಗ 1987ರದು. ಜೇಮ್ಸ್ ಪ್ರೀಸ್ ಮತ್ತು ನಿಕೋಲ್ ಥಾಮ್ಸನ್ ಎಬಿ ಕೋಶವು ಒಡೆಯುತ್ತಿರುವಾಗಲೇ ಅದರ ಇಬ್ಬರು ಮಕ್ಕಳ ಸ್ಥಾನವನ್ನು ಅದಲುಬದಲು ಮಾಡಿದರು. ವಂಶವೇ ಗತಿಯಾಗಿದ್ದರೆ ಹುಳು ಕೆಟ್ಟುಹೋಗಬೇಕಾಗಿತ್ತು. ಅದು ಸರಿಯಾಗಿಯೇ ಬೆಳೆಯಿತು. ಮುಂದಿನ ಕೋಶ ಹಿಂದಿನದರ ಜಾಗದಲ್ಲಿ ಹಿಂದಿನದರ ಕೆಲಸವನ್ನೇ ಮಾಡಿತು. 1992ರಲ್ಲಿ ಬಾಬ್ ಗೋಲ್ಡ್‌ಸ್ಟೈನ್ ತೋರಿಸಿದ್ದು ಇನ್ನೂ ಮಾರ್ಮಿಕವಾದದ್ದು. ಇ ಎಂಬ ಕೋಶದ ಸಂತಾನವೆಲ್ಲ ಕರುಳೆಂದು ಮೇಲೆ ಹೇಳಿದೆವಷ್ಟೆ. ವಂಶವೇ ಗತಿ ಎಂಬುದಕ್ಕೆ ಇದಕ್ಕಿಂತ ಶುದ್ಧವಾದ ನಿದರ್ಶನ ಬೇರಿಲ್ಲವೆಂದು ತೋರಬಹುದು. ಆದರೆ ಅದರ ತಾಯಿಯಾದ ಕೋಶವನ್ನು ನೆರೆಯ ಪಿ2 ಕೋಶದ ಸ್ಪರ್ಶದಿಂದ ಬೇಗನೆ ದೂರಮಾಡಿದರೆ ಕರುಳು ಹುಟ್ಟುವುದೇ ಇಲ್ಲ. ರಾಲ್ಫ್ ಶ್ನಾಬೆಲ್ ಮತ್ತು ಸಂಗಡಿಗರು 1997ರಲ್ಲಿ, ಭ್ರೂಣದೊಳಗೆ ಕೋಶಗಳ ನೆಲೆ ಒಂದು ಹುಳುವಿನಿಂದ ಇನ್ನೊಂದಕ್ಕೆ ಗಣನೀಯವಾಗಿ ಬದಲಾಗುವುದನ್ನು ತೋರಿಸಿದರು. ಇನ್ನೂ ಒಂದು ಸಂಗತಿ. ಅಕ್ರೊಬೆಲಾಯ್ಡೀಸ್ ಎಂಬ ಬೇರೊಂದು ದುಂಡುಹುಳುವಿನಲ್ಲಿ ಒಂದು ಮೂಲಕೋಶವನ್ನು ಕೊಂದರೆ ನೆರೆಯ ಕೋಶ ಅದರ ಸ್ಥಾನವನ್ನು ತುಂಬುತ್ತದೆ. ಇದನ್ನು 1999ರಲ್ಲಿ ಪ್ರಕಟಿಸಿದ ಇಬ್ಬರಲ್ಲಿ ಒಬ್ಬರು 1983ರ ನಾಲ್ವರಲ್ಲಿ ಒಬ್ಬರಾದ ಶೀರೆನ್‌ಬರ್ಗ್. ವಿದ್ವಾಂಸನೊಬ್ಬನು ತನ್ನ ಹಳೆಯ ದಾಖಲೆಯ ಮಿತಿಯನ್ನು ತಾನೇ ಗುರುತಿಸಿ ಮುಂದೆ ಹೋಗುವುದು ಸಾಮಾನ್ಯವಾದ ದೃಶ್ಯವಲ್ಲ.

ಈ ವಿವರಗಳಿಗೆ ಇಷ್ಟು ಸ್ಥಳ ಕೊಟ್ಟದ್ದಕ್ಕೆ ಕಾರಣ ಹೇಳಬೇಕು. ಎಲೆಗನ್ಸ್ ಹುಳುವಿನಲ್ಲಿ ಎಲ್ಲವೂ ಹುಟ್ಟಿನಿಂದಲೇ ನಿರ್ಣಯವಾಗಿದೆ ಎಂಬ ವಾಕ್ಯ ತರಗತಿಯ ಟಿಪ್ಪಣಿಗಳಲ್ಲಿ ಸಲೀಸಾಗಿ ಸಾಗಿಬರುತ್ತದೆ. ಹುಟ್ಟೇ ಗತಿಯನ್ನು ನಿರ್ಣಯಿಸುತ್ತದೆಂಬ ಮಾತು ನಮ್ಮ ಸಮಾಜದಲ್ಲಿ ನಿರಪಾಯವಾದ ಮಾತಲ್ಲ. ಅದಕ್ಕೆ ನಮ್ಮಲ್ಲಿ ದೀರ್ಘವೂ ಕ್ರೂರವೂ ಆದ ಚರಿತ್ರೆಯುಂಟು. ಹುಳುವಿನಿಂದ ಮನುಷ್ಯಸಮಾಜಕ್ಕೆ ನ್ಯಾಯವನ್ನು ಎಳೆದು ತರುವುದು ಯಾವ ದಿಕ್ಕಿನಲ್ಲಿಯೂ ತಪ್ಪು. ನೆರೆಹೊರೆಯೇ ಮುಖ್ಯವೆಂದು ಸಾಧಿಸಲು ಈ ಹುಳುವನ್ನು ಸಾಕ್ಷಿಗೆ ಕರೆಯುವುದೂ ಅಷ್ಟೇ ತಪ್ಪು. ಆದರೆ ವಿಜ್ಞಾನದ ಹೆಸರಿನಲ್ಲಿ ಒಂದು ವಾಕ್ಯವನ್ನು ಹೇಳುವಾಗ ಅದು ವಿಜ್ಞಾನದ ಮಟ್ಟಿಗಾದರೂ ನಿಜವಾಗಿರಬೇಕು. ಈ ವಾಕ್ಯ ಹುಳುವಿನ ವಿಷಯದಲ್ಲಿಯೇ ಪೂರ್ಣ ನಿಜವಲ್ಲ.

1986ರ ಪ್ರಬಂಧ ಮೇಲಣದಕ್ಕಿಂತ ಗಾತ್ರದಲ್ಲಿ ದೊಡ್ಡದು, ಗುಣದಲ್ಲಿ ಹೆಚ್ಚು ಮಿಶ್ರವಾದದ್ದು. ಹುಳುವಿನ ದೇಹವನ್ನು ಮಿಲಿಮೀಟರಿನ ಸುಮಾರು ಇಪ್ಪತ್ತು ಸಾವಿರದಲ್ಲೊಂದು ಭಾಗದಷ್ಟು ತೆಳುವಾದ ಹೋಳುಗಳನ್ನಾಗಿ ಕತ್ತರಿಸಿ, ಪ್ರತಿಯೊಂದರ ಚಿತ್ರವನ್ನು ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಿಂದ ತೆಗೆದು, ಒಂದೊಂದು ನರತಂತುವನ್ನೂ ಹೋಳಿನಿಂದ ಹೋಳಿಗೆ ಹಿಂಬಾಲಿಸಿ ಮಾಡಿದ ಕೆಲಸವಿದು. ಉಭಯಲಿಂಗಿಯ ನರಕೋಶಗಳು 302. ಅವುಗಳನ್ನು 118 ವರ್ಗಗಳಾಗಿ ವಿಂಗಡಿಸಿದ್ದಾರೆ. ಸುಮಾರು 5,000 ರಾಸಾಯನಿಕ ಸಂಧಿಗಳು, ನರಕ್ಕೂ ಸ್ನಾಯುವಿಗೂ ನಡುವೆ ಸುಮಾರು 2,000 ಸಂಧಿಗಳು, ಇನ್ನೊಂದು ಬಗೆಯ ನೇರ ಸಂಧಿಗಳು ಸುಮಾರು 600. ಗಣಕಯಂತ್ರದಿಂದ ಮಾಡಿಸಬೇಕೆಂದು ಆರಂಭಿಸಿದ ಕಾರ್ಯ ಕಡೆಗೆ ಬಹುಪಾಲು ಕೈಯಿಂದಲೇ, ಚಿತ್ರಗಳ ಮೇಲೆ ಬಣ್ಣದ ಲೇಖನಿಯಿಂದ ಅಂಕಿಗಳನ್ನು ಬರೆಯುತ್ತಾ ನಡೆಯಿತು. ಈ ಪರಿಶ್ರಮದ ಹೆಚ್ಚಿನ ಭಾರವನ್ನು ಹೊತ್ತವರು ಸಹಾಯಕಿಯಾಗಿ ಪ್ರಯೋಗಶಾಲೆಗೆ ಸೇರಿದ್ದ ಐಲೀನ್ ಸೌತ್‌ಗೇಟ್. ಲೇಖಕರ ಪಟ್ಟಿಯಲ್ಲಿ ಅವರ ಹೆಸರು ಎರಡನೆಯದು, ಬ್ರೆನ್ನರ್ ಹೆಸರಿಗಿಂತ ಮೊದಲು. ಹೋಳುಗಳನ್ನು ಕತ್ತರಿಸಿದ ಥಾಮ್ಸನ್ ಹೆಸರೂ ಅಲ್ಲಿದೆ. ಲಿಪಿಕಾರನಿಗೂ ಕಂಡರಣೆಗಾರನಿಗೂ ಶಾಸನದ ಕೊನೆಯ ಸಾಲಿನಲ್ಲಿ ಮಾತ್ರ, ಅದೂ ಅದೃಷ್ಟವಿದ್ದರೆ, ಸ್ಥಳ ಸಿಗುವುದನ್ನು ಕಂಡವರಿಗೆ ಇದು ಸಂತೋಷದ ವಿಷಯ.

ಪ್ರಬಂಧಕ್ಕೆ ಪುಟಗಳ ನೆತ್ತಿಯಲ್ಲಿ ಕೊಟ್ಟ ಕಿರುಹೆಸರು, ಹುಳುವಿನ ಮನಸ್ಸು ಎಂದರ್ಥ ಬರುವಂಥದು. ಇದರಲ್ಲಿ ವಿನೋದವಿದ್ದೀತು, ಆದರೆ ವಿನೋದವು ಬೇಗನೆ ನಂಬಿಕೆಯಾಗುತ್ತದೆ. ನಕ್ಷೆಯಲ್ಲಿ ಇರುವುದು ದಾರಿಗಳೇ ಹೊರತು ಸಂಚಾರವಲ್ಲ. ಯಾವ ಸಂಧಿ ಪ್ರಚೋದಿಸುವುದು, ಯಾವುದು ತಡೆಯುವುದು ಎಂಬುದನ್ನು ಹೋಳುಗಳ ಚಿತ್ರ ಹೇಳುವುದಿಲ್ಲ. ಸಂಧಿಯೇ ಇಲ್ಲದೆ ದೇಹದ್ರವದಲ್ಲಿ ಹರಡುವ ರಾಸಾಯನಿಕ ಸಂದೇಶಗಳು ಅದರಲ್ಲಿ ಕಾಣುವುದೇ ಇಲ್ಲ. ಹಳೆಯ ಹೆದ್ದಾರಿಗಳ ಭೂಪಟವನ್ನು ಕೈಯಲ್ಲಿಟ್ಟುಕೊಂಡು ವಿಜಯನಗರದ ವ್ಯಾಪಾರದ ಪ್ರಮಾಣವನ್ನು ಹೇಳಲು ಹೊರಟವನ ಸ್ಥಿತಿಗೂ ಇದಕ್ಕೂ ಹೆಚ್ಚು ವ್ಯತ್ಯಾಸವಿಲ್ಲ.

ಇದೂ ಒಂದು ಹುಳುವಿನ ನಕ್ಷೆಯಲ್ಲ. ಕೆಲವು ಪ್ರೌಢ ಹುಳುಗಳ ಮತ್ತು ನಾಲ್ಕನೆಯ ಹಂತದ ಒಂದು ಮರಿಹುಳುವಿನ ತುಂಡುಗಳಿಂದ ಇದನ್ನು ಹೊಂದಿಸಿದ್ದಾರೆ; ತಲೆ ಒಂದರದು, ಬಾಲ ಇನ್ನೊಂದರದು. ನಡುದೇಹದ ಹಿಂಭಾಗದಲ್ಲಿ ಖಾಲಿ ಸ್ಥಳಗಳು ಉಳಿದಿದ್ದುವು. ಅವುಗಳಲ್ಲಿ ಬಹಳಷ್ಟನ್ನು ತುಂಬಿ ಪರಿಷ್ಕರಿಸಿದ ನಕ್ಷೆ ಬಂದದ್ದು 2011ರಲ್ಲಿ. ಲೇಖಕರು ಇದಾವುದನ್ನೂ ಮುಚ್ಚಿಟ್ಟಿಲ್ಲ. ಮುಚ್ಚಿಹೋದದ್ದು ಅನಂತರದ ಉಲ್ಲೇಖಗಳಲ್ಲಿ. ಒಂದು ಪ್ರಾಣಿಯ ಸಂಪೂರ್ಣ ನರನಕ್ಷೆ ಎಂಬ ವರ್ಣನೆ ಒಬ್ಬರಿಂದ ಒಬ್ಬರಿಗೆ ದಾಟುತ್ತಾ ಬಂದಿತು. ಪೀಠಿಕೆಯನ್ನು ಓದದೆ ಪಾಠವನ್ನು ಮಾತ್ರ ಉದ್ಧರಿಸುವುದು ಎಲ್ಲ ಶಾಸ್ತ್ರಗಳಿಗೂ ಅಂಟಿದ ದೋಷವೆಂದು ಕಾಣುತ್ತದೆ. ಡೇನಿಯಲ್ ವಿಟ್‌ವ್ಲೀಟ್ ಮತ್ತು ಸಂಗಡಿಗರು 2021ರಲ್ಲಿ, ಹುಟ್ಟಿನಿಂದ ಪ್ರೌಢಾವಸ್ಥೆಯ ತನಕ ಬೇರೆ ಬೇರೆ ವಯಸ್ಸಿನ ಎಂಟು ಹುಳುಗಳ ಮೆದುಳನ್ನು ಬಿಡಿಬಿಡಿಯಾಗಿ ನಕ್ಷೆ ಮಾಡಿದರು. ಜೀನ್‌ಗಳಲ್ಲಿ ಒಂದೇ ಆಗಿದ್ದರೂ ಒಂದು ಹುಳುವಿನಲ್ಲಿರುವ ಸಂಪರ್ಕಗಳೆಲ್ಲ ಇನ್ನೊಂದರಲ್ಲಿ ಇರುವುದಿಲ್ಲವೆಂದು ಆಗ ಸ್ಪಷ್ಟವಾಯಿತು. ಬಲವಾದ ಸಂಪರ್ಕಗಳು ಎಲ್ಲವುಗಳಲ್ಲಿಯೂ ಸಮಾನ. ದುರ್ಬಲವಾದವುಗಳಲ್ಲಿ ಪಾಠಭೇದ ಹೇರಳ.

ಮೂಲಪ್ರತಿಯ ವಿಷಯದಲ್ಲಿಯೂ ಒಂದು ಮಾತುಂಟು. ಬ್ರಿಸ್ಟಲ್‌ನ ಗೊಬ್ಬರದಿಂದ ಬಂದ ಎನ್2 ಸಂತತಿಯನ್ನು ಶೈತ್ಯದಲ್ಲಿ ಹೆಪ್ಪುಗಟ್ಟಿಸಿ ಕಾಪಾಡುವ ಕ್ರಮ ಬಂದದ್ದು 1960ರ ದಶಕದ ಕೊನೆಗೆ. ಅದಕ್ಕೆ ಮೊದಲು ಸುಮಾರು ಹದಿನೆಂಟು ವರ್ಷ ಅದು ಪ್ರಯೋಗಶಾಲೆಯ ತಟ್ಟೆಗಳಲ್ಲಿ ಪೀಳಿಗೆಯ ಮೇಲೆ ಪೀಳಿಗೆಯಾಗಿ ಬೆಳೆದಿತ್ತು. ನಿಸರ್ಗದಿಂದ ಹಿಡಿದು ತಂದ ಅನೇಕ ಸಂತತಿಗಳು ಆಹಾರದ ಅಂಚಿನಲ್ಲಿ ಗುಂಪುಗೂಡಿ ತಿನ್ನುತ್ತವೆ. ಎನ್2 ಹುಳುಗಳು ಚೆದುರಿ ಒಂಟಿಯಾಗಿ ತಿನ್ನುತ್ತವೆ. ಈ ಭೇದಕ್ಕೆ ಎನ್‌ಪಿಆರ್-1 ಎಂಬ ಜೀನ್‌ನಲ್ಲಿನ ಒಂದೇ ಅಕ್ಷರದ ವ್ಯತ್ಯಾಸ ಕಾರಣವೆಂದು 1998ರಲ್ಲಿ ಗೊತ್ತಾಯಿತು. ಎನ್2ದಲ್ಲಿರುವ ರೂಪವೇ ನಿಸರ್ಗದ್ದಲ್ಲ, ಪ್ರಯೋಗಶಾಲೆಯ ತಟ್ಟೆಯಲ್ಲಿ ಹುಟ್ಟಿದ್ದು ಎಂದು 2009ರಲ್ಲಿ ತಿಳಿಯಿತು. ಶುದ್ಧಪಾಠವೆಂದು ಜಗತ್ತಿನಾದ್ಯಂತ ಹಂಚಿಹೋದ ಪ್ರತಿಯಲ್ಲಿ ಲಿಪಿಕಾರನ ಸ್ಖಾಲಿತ್ಯವೊಂದು ಸೇರಿಕೊಂಡಿತ್ತು; ಅದನ್ನೇ ಈ ಜಾತಿಯ ಸ್ವಭಾವವೆಂದು ಬಹುಕಾಲ ಓದಿಕೊಂಡು ಬಂದರು. ದೇಹರಚನೆಯ ವರ್ಣನೆಗೆ ಇದರಿಂದ ಬಾಧಕ ಹೆಚ್ಚಿಲ್ಲ. ನಡವಳಿಕೆಯನ್ನು ರಚನೆಯಿಂದ ವಿವರಿಸಲು ಹೊರಟವರಿಗೆ ಬಾಧಕವುಂಟು.

ಇಷ್ಟೆಲ್ಲ ಆಕ್ಷೇಪಗಳ ಮೇಲೂ ಈ ಎರಡು ಪ್ರಬಂಧಗಳನ್ನು ಓದಿದವನ ಮನಸ್ಸಿನಲ್ಲಿ ಉಳಿಯುವುದು ಗೌರವವೇ. ಅವುಗಳ ತಪ್ಪನ್ನು ತೋರಿಸಲು ಬಂದವರೆಲ್ಲ ಅವುಗಳ ಮೇಲೆಯೇ ನಿಂತು ತೋರಿಸಬೇಕಾಯಿತು. ಪ್ರೀಸ್ ಮತ್ತು ಥಾಮ್ಸನ್ನರು ಅದಲುಬದಲು ಮಾಡಿದ ಕೋಶಗಳ ಗತಿಯನ್ನು ಗುರುತಿಸಿದ್ದೂ ಸಲ್‌ಸ್ಟನ್ನರ ವೃಕ್ಷವನ್ನು ಮುಂದಿಟ್ಟುಕೊಂಡೇ. ಇನ್ನೊಂದು ಕಾರಣವೂ ಇದೆ. ಕೇಂಬ್ರಿಜ್‌ನ ಆ ಚಿತ್ರಗಳನ್ನು ಕೆಲಸ ಮುಗಿದ ಮೇಲೆ ಎಸೆಯಲಿಲ್ಲ. ಅವು ಅನಂತರ ನ್ಯೂಯಾರ್ಕಿನ ಆಲ್ಬರ್ಟ್ ಐನ್‌ಸ್ಟೈನ್ ವೈದ್ಯಕೀಯ ಕಾಲೇಜಿಗೆ ಸೇರಿದವು. ಅಲ್ಲಿ ಅವುಗಳನ್ನು ಅಂಕೀಯ ರೂಪಕ್ಕೆ ತಂದು ಯಾರು ಬೇಕಾದರೂ ನೋಡುವಂತೆ ಇಟ್ಟಿದ್ದಾರೆ. ಗಂಡು ಮತ್ತು ಉಭಯಲಿಂಗಿ ಎರಡರ ನರಮಂಡಲವನ್ನೂ ಹೊಸದಾಗಿ ಓದಿ 2019ರಲ್ಲಿ ಪ್ರಕಟಿಸಿದವರು ತಮ್ಮ ಕೆಲಸದ ಬಹುಭಾಗವನ್ನು ಮಾಡಿದ್ದು ಆ ಹಳೆಯ ಚಿತ್ರಗಳಿಂದಲೇ. ಅವುಗಳ ಮೇಲೆ 1970ರ ದಶಕದಲ್ಲಿ ಬಣ್ಣದ ಲೇಖನಿಯಿಂದ ಬರೆದ ಅಂಕಿಗಳು ಇನ್ನೂ ಕಾಣಿಸುತ್ತವೆ.